ಗ್ರೀನ್ ಸಲಾಡ್ ಮತ್ತು ವಿನೆಗ್ರೆಟ್: ನೀರು ಬಿಡದಂತೆ ಮಾಡುವ ಕ್ರಮ



ನಮ್ಮಲ್ಲಿ ಗ್ರೀನ್ ಸಲಾಡ್ ಎಂದರೆ ಸೌತೆ, ಟೊಮೆಟೊ, ನೀರುಳ್ಳಿಯ ಬಿಲ್ಲೆಗಳು, ಬದಿಯಲ್ಲೊಂದು ಲಿಂಬೆ ಹೋಳು. ಆದರೆ ಆಫೀಸಿನ ಗಿರಾಕಿಗಳು, ಪಾರ್ಟಿ ಆರ್ಡರಿನವರು ಲೆಟ್ಯೂಸ್ ಎಲೆಯ ಸಲಾಡ್, ಅದಕ್ಕೆ ವಿನೆಗ್ರೆಟ್ ಡ್ರೆಸ್ಸಿಂಗ್ ಕೇಳುತ್ತಾರೆ. ಒಲೆಯ ಕೆಲಸವಿಲ್ಲ ಎಂದು ನಾವು ಇದನ್ನು ಹಗುರವಾಗಿ ಕಾಣುತ್ತೇವೆ. ಬೇಯಿಸದ ಪದಾರ್ಥವಾದುದರಿಂದಲೇ ಇದಕ್ಕೆ ಹೆಚ್ಚು ಜಾಗ್ರತೆ ಬೇಕು.

ನಾನೇ ಒಮ್ಮೆ ಪೆಟ್ಟು ತಿಂದಿದ್ದೇನೆ. ನೂರು ಜನರ ಪಾರ್ಟಿ. ಕೊನೆಗೆ ಗಡಿಬಿಡಿ ಬೇಡವೆಂದು ಎರಡು ಗಂಟೆ ಮೊದಲೇ ಡ್ರೆಸ್ಸಿಂಗ್ ಕಲಸಿ ಇಟ್ಟೆವು. ಬಡಿಸುವಾಗ ಎಲೆಗಳೆಲ್ಲ ಬಾಡಿ ಪಾತ್ರೆಯ ತಳದಲ್ಲಿ ನೀರು ನಿಂತಿತ್ತು. ಸಲಾಡಿನ ಹಣ ಬಿಲ್ಲಿನಿಂದ ಕಡಿತವಾಯಿತು, ಆ ಪಾರ್ಟಿ ಮತ್ತೆ ನಮ್ಮ ಕಡೆ ಬರಲಿಲ್ಲ. ಉಪ್ಪು ಎಲೆಯೊಳಗಿನ ನೀರನ್ನು ಹೊರಗೆಳೆಯುತ್ತದೆ. ಕೋಸಂಬರಿಗೆ ಬಡಿಸುವ ಹೊತ್ತಿಗೇ ಉಪ್ಪು ಹಾಕಬೇಕು ಎಂದು ನಮ್ಮ ಹಿರಿಯ ಅಡುಗೆಯವರು ಹೇಳುವುದು ಇದಕ್ಕೇ. ಗೊತ್ತಿದ್ದ ಮಾತನ್ನು ಇಂಗ್ಲಿಷ್ ಹೆಸರಿನ ಪದಾರ್ಥಕ್ಕೆ ಮರೆತೆ.

ಎಲೆ ತೊಳೆಯುವುದು: ಹತ್ತು ಪ್ಲೇಟಿಗೆ ಒಂದು ಕಿಲೋ ಲೆಟ್ಯೂಸ್ ತನ್ನಿ. ಹೊರಗಿನ ಎಲೆ, ದಂಟು ತೆಗೆದರೆ ಸುಮಾರು 700 ಗ್ರಾಂ ಉಳಿಯುತ್ತದೆ. ಎಲೆ ಬಿಡಿಸಿ ಎರಡು ಮೂರು ನೀರಿನಲ್ಲಿ ಮಣ್ಣು ಹೋಗುವಂತೆ ತೊಳೆಯಿರಿ. ನಂತರ 50 ಪಿಪಿಎಂ ಕ್ಲೋರಿನ್ ನೀರಿನಲ್ಲಿ ಐದು ನಿಮಿಷ ಮುಳುಗಿಸಿ. ಆಹಾರಕ್ಕೆ ಬಳಸುವ ಶೇ. 4ರ ಸೋಡಿಯಂ ಹೈಪೋಕ್ಲೋರೈಟ್ ಆದರೆ 10 ಲೀಟರ್ ನೀರಿಗೆ ಸುಮಾರು 12 ಮಿ.ಲೀ. ಸಾಕು. ನೆಲ ಒರೆಸುವ ಬ್ಲೀಚ್ ಖಂಡಿತ ಬೇಡ. ಕೊನೆಗೆ ಕುಡಿಯುವ ನೀರಿನಲ್ಲಿ ತೊಳೆಯಿರಿ. ಎಲೆ ಗರಿಗರಿಯಾಗಲು ಐಸ್ ನೀರಿನಲ್ಲಿ ಹತ್ತು ನಿಮಿಷ ಇಡಬಹುದು, ಆ ಐಸ್ ಕೂಡ ಕುಡಿಯುವ ನೀರಿನದ್ದೇ ಆಗಿರಲಿ.

ಒಣಗಿಸುವುದು: ಇಲ್ಲಿಯೇ ಹೆಚ್ಚಿನವರು ತಪ್ಪುವುದು. ಎಲೆಯಲ್ಲಿ ನೀರಿದ್ದರೆ ಎಣ್ಣೆ ಹಿಡಿಯುವುದಿಲ್ಲ, ಡ್ರೆಸ್ಸಿಂಗ್ ಜಾರಿ ತಳಕ್ಕೆ ಹೋಗುತ್ತದೆ. ಶುಭ್ರವಾದ ಒಣ ಬಟ್ಟೆಯಲ್ಲಿ ಹರಡಿ ನೀರು ತೆಗೆಯಿರಿ. ಮುಚ್ಚಿದ ಡಬ್ಬದಲ್ಲಿ ಫ್ರಿಜ್ಜಿನಲ್ಲಿ 5 ಡಿಗ್ರಿಯ ಒಳಗೆ ಇಡಿ. ಮಾಂಸ, ಮೀನು ಕತ್ತರಿಸುವ ಹಲಗೆ, ಚೂರಿ ಇದಕ್ಕೆ ಮುಟ್ಟಕೂಡದು.

ವಿನೆಗ್ರೆಟ್: ಲೆಕ್ಕ ಸುಲಭ. ಒಂದು ಪಾಲು ವಿನೆಗರ್, ಮೂರು ಪಾಲು ಎಣ್ಣೆ. ಹತ್ತು ಪ್ಲೇಟಿಗೆ 50 ಮಿ.ಲೀ. ವಿನೆಗರ್, 150 ಮಿ.ಲೀ. ಎಣ್ಣೆ, ಒಂದೊಂದು ಟೀ ಚಮಚ ಉಪ್ಪು, ಸಕ್ಕರೆ, ಸಾಸಿವೆ ಪೇಸ್ಟ್, ಅರ್ಧ ಚಮಚ ಕಾಳುಮೆಣಸಿನ ಪುಡಿ. ಉಪ್ಪು ಎಣ್ಣೆಯಲ್ಲಿ ಕರಗುವುದಿಲ್ಲ, ಆದ್ದರಿಂದ ಮೊದಲು ವಿನೆಗರಿನಲ್ಲಿ ಉಪ್ಪು ಸಕ್ಕರೆ ಕರಗಿಸಿ. ಸಾಸಿವೆ ಪೇಸ್ಟ್ ಸೇರಿಸಿ, ಎಣ್ಣೆಯನ್ನು ಸಣ್ಣ ಧಾರೆಯಾಗಿ ಬಿಡುತ್ತಾ ಬೀಸಿರಿ. ಎಣ್ಣೆ ಮತ್ತು ಹುಳಿ ಬೇಗ ಬೇರೆಯಾಗದಂತೆ ಹಿಡಿಯುವುದು ಸಾಸಿವೆ. ಆಲಿವ್ ಎಣ್ಣೆ ದುಬಾರಿಯಾದರೆ ರಿಫೈನ್ಡ್ ಸೂರ್ಯಕಾಂತಿ ಎಣ್ಣೆಯೂ ನಡೆಯುತ್ತದೆ, ಆಗ ಮೆನುವಿನಲ್ಲಿ ಆಲಿವ್ ಎಂದು ಬರೆಯಬೇಡಿ. ಹಸಿ ಬೆಳ್ಳುಳ್ಳಿ ಹಾಕುವುದಾದರೆ ಆ ದಿನಕ್ಕೆ ಬೇಕಾದಷ್ಟೇ ಮಾಡಿ. ಎಣ್ಣೆಯಲ್ಲಿ ಮುಳುಗಿದ ಬೆಳ್ಳುಳ್ಳಿಯನ್ನು ಹೊರಗೆ ದಿನಗಟ್ಟಲೆ ಇಟ್ಟರೆ ವಿಷವಾಗುವ ಅಪಾಯವಿದೆ.

ಬಡಿಸುವುದು: ಆರ್ಡರ್ ಬಂದ ಮೇಲೆ ಎಲೆಯನ್ನು ಕೈಯಿಂದ ಹರಿದು, ಸೌತೆ, ಟೊಮೆಟೊ ಸೇರಿಸಿ, ಪ್ಲೇಟಿಗೆ 15ರಿಂದ 20 ಮಿ.ಲೀ. ಡ್ರೆಸ್ಸಿಂಗ್ ಹಾಕಿ ಹಗುರವಾಗಿ ತಿರುವಿ. ಕೈಗವಸು ಮರೆಯಬೇಡಿ. ಪಾರ್ಸೆಲ್ ಮತ್ತು ಪಾರ್ಟಿಗೆ ಡ್ರೆಸ್ಸಿಂಗ್ ಬೇರೆ ಡಬ್ಬಿಯಲ್ಲೇ ಕೊಡಿ.

ನಮ್ಮ ಶಾಕಾಹಾರಿ ಹೋಟೆಲಿನವರಿಗೆ ಇದರಲ್ಲಿ ಒಂದು ಅನುಕೂಲವಿದೆ. ಸಾಮಾನ್ಯ ಮೆಯೊನೇಸಿನಲ್ಲಿ ಮೊಟ್ಟೆ ಇರುತ್ತದೆ, ವಿನೆಗ್ರೆಟ್‌ನಲ್ಲಿ ಇಲ್ಲ. ನೀರುಳ್ಳಿ, ಬೆಳ್ಳುಳ್ಳಿ ಬಿಟ್ಟರೆ ಜೈನ ಗಿರಾಕಿಗಳಿಗೂ ಕೊಡಬಹುದು, ಆದರೂ ಎಲೆಯ ವಿಷಯ ಅವರನ್ನು ಕೇಳಿಯೇ ಕೊಡಿ.

ಹುಡುಗರಿಗೆ ಒಮ್ಮೆ ಎದುರು ನಿಂತು ಮಾಡಿ ತೋರಿಸಿ. ತೊಳೆಯುವ ಕೆಲಸ ಮಾತ್ರ ದಿನವೂ ನೀವೇ ನೋಡಿ. ಸಲಾಡ್ ರುಚಿಸದಿದ್ದರೆ ಗಿರಾಕಿ ಒಂದು ಪ್ಲೇಟ್ ಬಿಟ್ಟಾನು, ಹೊಟ್ಟೆ ಕೆಟ್ಟರೆ ನಮ್ಮ ಹೋಟೆಲನ್ನೇ ಬಿಡುತ್ತಾನೆ.