ಬಿಸಿಲಿಗೆ ಏರುವ ಹಳ್ಳ: ಸ್ಪಿತಿಯ ಬೈಕ್ ಪ್ರವಾಸದ ಬಗ್ಗೆ ನಂಬಿದ್ದು ಮತ್ತು ನಿಜ

ಮಲೆನಾಡಿನಲ್ಲಿ ಬೆಳೆದವರಿಗೆ ಹಳ್ಳದ ಸ್ವಭಾವ ಗೊತ್ತು. ಘಟ್ಟದ ಮೇಲೆ ಮಳೆ ಹೊಯ್ದರೆ ಹಳ್ಳ ಏರುತ್ತದೆ, ಹೊಳವಾದರೆ ಇಳಿಯುತ್ತದೆ. ಇದೇ ತಿಳಿವಳಿಕೆ ಹೊತ್ತು ನಾನು ಮೊದಲ ಸಲ ಹಿಮಾಚಲ ಪ್ರದೇಶದ ಸ್ಪಿತಿ ಕಣಿವೆಗೆ ಬೈಕಿನಲ್ಲಿ ಹೋಗಿದ್ದೆ. ಛತ್ರು ಎಂಬಲ್ಲಿ ಡೇರೆಯಲ್ಲಿ ಮಲಗಿದ್ದವರನ್ನು ಗೈಡ್ ನಾಲ್ಕೂವರೆಗೇ ಎಬ್ಬಿಸಿದ. ಆಕಾಶದಲ್ಲಿ ಒಂದು ಮೋಡವೂ ಇರಲಿಲ್ಲ. ‘ಇಷ್ಟು ಒಳ್ಳೆಯ ಹವೆ ಇದೆಯಲ್ಲ, ತಿಂಡಿ ತಿಂದು ಬಿಸಿಲೇರಿದ ಮೇಲೆ ಹೊರಟರಾಗದೇ?’ ಎಂದು ನಾವು ಕೇಳಿದೆವು. ‘ಭಯ್ಯಾ, ಹವೆ ಚೆನ್ನಾಗಿದೆ, ಅದಕ್ಕೇ ಬೇಗ ಹೋಗಬೇಕು’ ಎಂದ.

ಆ ಮಾತಿನ ಅರ್ಥ ಮಧ್ಯಾಹ್ನ ತಿಳಿಯಿತು. ಅಲ್ಲಿನ ಹಳ್ಳಗಳಿಗೆ ನೀರು ಬರುವುದು ಮಳೆಯಿಂದಲ್ಲ, ಮೇಲಿನ ಹಿಮ ಕರಗಿ. ರಾತ್ರಿ ಮೇಲೆಲ್ಲ ಹೆಪ್ಪುಗಟ್ಟುವುದರಿಂದ ಬೆಳಗಿನ ಜಾವಕ್ಕೆ ನೀರು ಇಳಿದಿರುತ್ತದೆ. ಬಿಸಿಲು ಬಲಿತಂತೆ ಕರಗಿ, ಮಧ್ಯಾಹ್ನದಿಂದ ಸಂಜೆಯವರೆಗೆ ರಸ್ತೆಯ ಮೇಲೇ ರಭಸವಾಗಿ ಹರಿಯುತ್ತದೆ. ನಾವು ಪಾದ ಮುಳುಗುವಷ್ಟು ನೀರಿನಲ್ಲಿ ದಾಟಿ ಬಂದ ಹಳ್ಳದಲ್ಲೇ, ತಡವಾಗಿ ಹೊರಟವರು ಮೊಣಕಾಲಿನ ತನಕ ನಿಂತು ಒಂದೊಂದೇ ಬೈಕನ್ನು ನಾಲ್ಕು ಜನ ಹಿಡಿದು ಸಾಗಿಸಿದರಂತೆ. ತಿಳಿ ಆಕಾಶ ಕಂಡರೆ ನಿಧಾನವಾಗಿ ಹೊರಡಬಹುದು ಎಂಬ ನಂಬಿಕೆ ನಮ್ಮೂರಿಗೆ ಸರಿ, ಅಲ್ಲಿಗೆ ಅದು ತಲೆಕೆಳಗು. ಸ್ಪಿತಿಯ ಬಗ್ಗೆ ನಾವು ಇಲ್ಲಿಂದ ಕಟ್ಟಿಕೊಂಡು ಹೋಗುವ ಇನ್ನೂ ಎಷ್ಟೋ ನಂಬಿಕೆಗಳು ಹೀಗೇ.

‘ದಾರಿ ಇರುವುದೇ ಒಂದು, ಮೊಬೈಲಿನಲ್ಲಿ ಮ್ಯಾಪ್ ಇದೆ. ಗೈಡ್ ಯಾಕೆ?’

ದಾರಿ ಹೆಚ್ಚುಕಡಿಮೆ ಒಂದೇ, ನಿಜ. ಅದನ್ನು ತೋರಿಸುವುದಕ್ಕೆ ಗೈಡ್ ಬೇಕಿಲ್ಲ. ಆತ ಬೇಕಾಗುವುದು ಯಾವ ಹೊತ್ತಿಗೆ ಹೊರಡಬೇಕು, ಎಲ್ಲಿ ನಿಲ್ಲಬೇಕು, ಇವತ್ತು ಹೋಗಬಾರದು ಎಂದು ಹೇಳುವುದಕ್ಕೆ. ಒಳ್ಳೆಯ ತಂಡದಲ್ಲಿ ಎಲ್ಲರ ಮುಂದೆ ಒಬ್ಬ ಇರುತ್ತಾನೆ, ಅವನನ್ನು ಯಾರೂ ಹಿಂದಿಕ್ಕುವಂತಿಲ್ಲ. ಎಲ್ಲರ ಹಿಂದೆ ಇನ್ನೊಬ್ಬ, ಅವನ ಹಿಂದೆ ಯಾರೂ ಉಳಿಯುವಂತಿಲ್ಲ. ನಮ್ಮವರು ಬೇಸರಪಡುವುದೇ ಈ ನಿಯಮಕ್ಕೆ. ಆದರೆ ಮನಾಲಿ ಕಡೆಯಿಂದ ಬರುವಾಗ ಸಿಗುವ, ಗ್ರಾಂಫುವಿನಿಂದ ಬಾತಲ್‌ವರೆಗಿನ ಕಲ್ಲುದಾರಿಯಲ್ಲಿ ಒಬ್ಬ ಬಿದ್ದರೆ, ಮುಂದೆ ಹೋದವರಿಗೆ ಅದು ತಿಳಿಯಲು ಗಂಟೆಗಳೇ ಬೇಕು. ಮೊಬೈಲ್ ಸಿಗ್ನಲ್ ಇಲ್ಲದ ಜಾಗ ಅದು. ನೆರವು ಸಿಗುವುದು ಹಿಂದಿನವನಿಂದ, ಇಲ್ಲವೇ ಬಾತಲ್‌ನ ಢಾಬಾದಲ್ಲಿ. ಆ ಢಾಬಾ ನಡೆಸಿಕೊಂಡು ಬಂದ ಹಿರಿಯ ದಂಪತಿಯನ್ನು ಆ ದಾರಿಯವರೆಲ್ಲ ಚಾಚಾ, ಚಾಚಿ ಎಂದೇ ಕರೆಯುತ್ತಾರೆ. ಹಿಮದಲ್ಲಿ ಸಿಕ್ಕಿಬಿದ್ದ ಎಷ್ಟೋ ಜನರಿಗೆ ಅವರು ಊಟ ಹಾಕಿ ಜೀವ ಉಳಿಸಿದ್ದಾರೆ.

ಮ್ಯಾಪಿನ ಇನ್ನೊಂದು ಮೋಸ ಗಂಟೆಯ ಲೆಕ್ಕ. ಮನಾಲಿಯಿಂದ ಸ್ಪಿತಿಯ ಮುಖ್ಯ ಪೇಟೆ ಕಾಜಾಕ್ಕೆ ಇನ್ನೂರು ಕಿಲೋಮೀಟರ್ ಕೂಡ ಆಗುವುದಿಲ್ಲ. ಬೆಂಗಳೂರಿನಿಂದ ಹಾಸನಕ್ಕೆ ಹೋದಷ್ಟೇ ಅಂದುಕೊಂಡರೆ ಕೆಟ್ಟೆವು. ಬೆಳಗಿನಿಂದ ಸಂಜೆಯವರೆಗೂ ಬೇಕು, ಹಳ್ಳ ಏರಿದರೆ ಅಷ್ಟೂ ಸಾಲದು.

ಇನ್ನು ‘ಅಟಲ್ ಸುರಂಗ ಆಗಿದೆ, ಈಗ ವರ್ಷವಿಡೀ ದಾರಿ ತೆರೆದಿರುತ್ತದೆ’ ಎನ್ನುವವರಿದ್ದಾರೆ. 2020ರ ಅಕ್ಟೋಬರಿನಲ್ಲಿ ಉದ್ಘಾಟನೆಯಾದ ಒಂಬತ್ತು ಕಿಲೋಮೀಟರಿನ ಆ ಸುರಂಗ ರೋಹ್ತಾಂಗ್ ಕಣಿವೆದಾರಿಯನ್ನು ತಪ್ಪಿಸುತ್ತದೆ. ಆದರೆ ಸ್ಪಿತಿಗೆ ಹೋಗಲು ಅದರಾಚೆ 4,550 ಮೀಟರ್ ಎತ್ತರದ ಕುಂಜುಮ್ ಕಣಿವೆದಾರಿ ದಾಟಬೇಕು. ಚಳಿಗಾಲದಲ್ಲಿ ಅದು ಹಿಮದಡಿ ಮುಚ್ಚಿರುತ್ತದೆ. ಆಗ ಉಳಿಯುವುದು ಶಿಮ್ಲಾ, ಕಿನ್ನೌರ್ ಕಡೆಯ ದಾರಿ.

‘ನಾನು ದಿನಾ ಜಿಮ್‌ಗೆ ಹೋಗ್ತೀನಿ, ನನಗೇನೂ ಆಗಲ್ಲ’

ಈ ಮಾತನ್ನು ನಾನು ಅತಿ ಹೆಚ್ಚು ಕೇಳಿದ್ದೇನೆ. ಅತಿ ಹೆಚ್ಚು ಹೆದರುವುದೂ ಇದಕ್ಕೇ.

ನಮ್ಮ ರಾಜ್ಯದ ಅತಿ ಎತ್ತರದ ಶಿಖರ ಮುಳ್ಳಯ್ಯನಗಿರಿ ಸುಮಾರು 1,930 ಮೀಟರ್. ಮನಾಲಿ ಪೇಟೆಯೇ ಅದಕ್ಕಿಂತ ಎತ್ತರದಲ್ಲಿದೆ. ಕಾಜಾ 3,650 ಮೀಟರಿನ ಆಸುಪಾಸು, ಅದರ ಮೇಲಿನ ಕೊಮಿಕ್ ಹಳ್ಳಿ 4,500 ದಾಟುತ್ತದೆ. ಅಷ್ಟು ಮೇಲೆ ಗಾಳಿಯಲ್ಲಿ ಆಮ್ಲಜನಕದ ಪಾಲು ಕಡಿಮೆಯಾಗಿರುತ್ತದೆ ಎಂದು ಹಲವರು ತಿಳಿದಿದ್ದಾರೆ. ಪಾಲು ಎಲ್ಲ ಕಡೆಯೂ ಒಂದೇ, ಸುಮಾರು ಶೇ. 21. ಕಡಿಮೆಯಾಗುವುದು ಗಾಳಿಯ ಒತ್ತಡ. ಹಾಗಾಗಿ ಕೊಮಿಕ್‌ನಲ್ಲಿ ಒಂದು ಉಸಿರಿಗೆ ಒಳಗೆ ಹೋಗುವ ಆಮ್ಲಜನಕ ಕರಾವಳಿಯಲ್ಲಿ ಸಿಗುವುದರ ಶೇ. 60ಕ್ಕಿಂತ ಕಡಿಮೆ.

ದೇಹ ಇದಕ್ಕೆ ಹೊಂದಿಕೊಳ್ಳಬಲ್ಲದು, ಆದರೆ ದಿನಗಳು ಬೇಕು. ಆ ದಿನಗಳನ್ನು ಕಟ್ಟುಮಸ್ತು ಮೈ ಕಡಿಮೆ ಮಾಡುವುದಿಲ್ಲ. ಗಟ್ಟಿಮುಟ್ಟಾದವರು ತಲೆನೋವನ್ನು ಲೆಕ್ಕಿಸದೆ ಮುಂದೆ ಹೋಗುತ್ತಾರೆ, ಅಪಾಯ ಅಲ್ಲಿ ಹೆಚ್ಚು. ಹೋದ ಸಲ ಬಂದಾಗ ಏನೂ ಆಗಿರಲಿಲ್ಲ ಎಂಬುದೂ ಭರವಸೆಯಲ್ಲ. ವೈದ್ಯರು ಒಪ್ಪಿರುವ ಸಾಮಾನ್ಯ ನಿಯಮ ಇಷ್ಟು: 3,000 ಮೀಟರ್ ದಾಟಿದ ಮೇಲೆ ಇವತ್ತು ಮಲಗುವ ಜಾಗ ನಿನ್ನೆ ಮಲಗಿದ್ದಕ್ಕಿಂತ 500 ಮೀಟರಿಗಿಂತ ಹೆಚ್ಚು ಮೇಲಿರಬಾರದು, ಮೂರು ನಾಲ್ಕು ದಿನಕ್ಕೊಮ್ಮೆ ಒಂದು ದಿನ ಸುಮ್ಮನಿರಬೇಕು. ಹಗಲು ಎಷ್ಟು ಎತ್ತರ ಮುಟ್ಟಿ ಬಂದಿರಿ ಎಂಬುದಕ್ಕಿಂತ ರಾತ್ರಿ ಎಲ್ಲಿ ಮಲಗಿದಿರಿ ಎಂಬುದು ಮುಖ್ಯ.

ಈಗ ಎರಡು ದಾರಿಗಳನ್ನು ಪಕ್ಕಪಕ್ಕ ಇಟ್ಟು ನೋಡಿ. ಮನಾಲಿಯಿಂದ ಒಂದೇ ದಿನದಲ್ಲಿ ಕಾಜಾ ಸೇರಿದರೆ ಒಂದೇ ರಾತ್ರಿಗೆ 1,600 ಮೀಟರ್ ಜಿಗಿತ. ಶಿಮ್ಲಾ ಕಡೆಯಿಂದ ಬಂದರೆ ಕಲ್ಪಾದಲ್ಲಿ 2,960, ತಾಬೊದಲ್ಲಿ 3,280, ಆಮೇಲೆ ಕಾಜಾ. ಮೆಟ್ಟಿಲು ಹತ್ತಿದ ಹಾಗೆ. ಎರಡು ದಿನ ಉಳಿಯುತ್ತದೆ ಎಂದು ಮೊದಲ ದಾರಿಯಲ್ಲಿ ಕರೆದೊಯ್ಯುವ ತಂಡಗಳಿವೆ. ಹಣ ಕಟ್ಟುವ ಮುಂಚೆ ಬೈಕ್ ಯಾವುದು ಎಂದು ಕೇಳುವ ಬದಲು, ಪ್ರತಿ ರಾತ್ರಿ ಎಷ್ಟು ಎತ್ತರದಲ್ಲಿ ಮಲಗಿಸುತ್ತೀರಿ ಎಂದು ಕೇಳಿ. ಉತ್ತರ ತಡವರಿಸಿದರೆ ಆ ತಂಡ ಬೇಡ.

ಎತ್ತರದ ತೊಂದರೆಗೆ ಮದ್ದೆಂದು ಕರ್ಪೂರ ಮೂಸಿದರೆ ಮೂಗು ತೆರೆದ ಹಾಗೆ ಅನಿಸುತ್ತದೆ, ಆದರೆ ರಕ್ತಕ್ಕೆ ಆಮ್ಲಜನಕ ಸೇರುವುದಿಲ್ಲ. ಪೇಟೆಯಲ್ಲಿ ಮಾರುವ ಆಕ್ಸಿಜನ್ ಡಬ್ಬಿ ಕೆಲವೇ ನಿಮಿಷದ ಸಮಾಧಾನ. ಡೈಮಾಕ್ಸ್ ಮಾತ್ರೆ ಹೊಂದಿಕೊಳ್ಳುವುದನ್ನು ಚುರುಕುಗೊಳಿಸುತ್ತದೆ, ಆದರೆ ಸಲ್ಫಾ ಔಷಧಿ ಆಗದವರಿಗೆ ತೊಂದರೆಯಾಗಬಹುದು. ಊರಲ್ಲೇ ವೈದ್ಯರನ್ನು ಕೇಳಿ ತೆಗೆದುಕೊಳ್ಳಬೇಕಾದದ್ದು ಅದು. ಚಳಿಗೆ ಒಂದು ಗುಟುಕು ಹಾಕಿದರೆ ಮೈ ಬೆಚ್ಚಗಾಗುತ್ತದೆ ಎನ್ನುವವರಿಗೆ ಒಂದು ಮಾತು: ಮದ್ಯ ನಿದ್ರೆಯಲ್ಲಿ ಉಸಿರಾಟವನ್ನು ಇನ್ನೂ ನಿಧಾನ ಮಾಡುತ್ತದೆ.

ತಲೆನೋವು, ವಾಕರಿಕೆ, ಸುಸ್ತು ಕಂಡರೆ ಅಲ್ಲೇ ನಿಲ್ಲಬೇಕು, ಮೇಲೆ ಹೋಗಬಾರದು. ಸುಮ್ಮನೆ ಕೂತಿದ್ದಾಗಲೂ ಏದುಸಿರು ಬಂದರೆ ಶ್ವಾಸಕೋಶದಲ್ಲಿ ನೀರು ತುಂಬುತ್ತಿರಬಹುದು. ಒಂದು ಪಾದದ ಬೆರಳಿಗೆ ಇನ್ನೊಂದರ ಹಿಮ್ಮಡಿ ತಾಗಿಸುತ್ತ ನೇರ ಗೆರೆಯಲ್ಲಿ ನಡೆಯಲು ಆಗದಿದ್ದರೆ ಮಿದುಳು ಊದಿಕೊಳ್ಳುತ್ತಿರಬಹುದು. ಆಗ ಬೆಳಗಾಗಲಿ ಎಂದು ಕಾಯುವಂತಿಲ್ಲ, ಆ ರಾತ್ರಿಯೇ ಕೆಳಗಿಳಿಸಬೇಕು. ಬೈಕ್ ತಂಡದ ಹಿಂದೆ ಬರುವ ಗಾಡಿಯ ನಿಜವಾದ ಉಪಯೋಗ ಇದೇ. ಅದು ಬ್ಯಾಗು ಹೊರುವುದಕ್ಕೆ ಎಂದು ಭಾವಿಸಿ, ಬೇಡವೆಂದು ಹಣ ಉಳಿಸುವವರನ್ನು ನೋಡಿದ್ದೇನೆ.

‘ದೊಡ್ಡ ಇಂಜಿನ್ ಇದ್ದರೆ ಎಂಥ ಏರಾದರೂ ಸರಿ’

ಮನುಷ್ಯನಿಗೆ ಉಸಿರು ಸಾಲದ ಕಡೆ ಇಂಜಿನ್ನಿಗೂ ಸಾಲುವುದಿಲ್ಲ. 4,500 ಮೀಟರಿನಲ್ಲಿ ಟರ್ಬೊ ಇಲ್ಲದ ಯಾವ ಬೈಕಾದರೂ ತನ್ನ ಶಕ್ತಿಯ ಮೂರನೇ ಒಂದು ಭಾಗಕ್ಕಿಂತ ಹೆಚ್ಚು ಕಳೆದುಕೊಳ್ಳುತ್ತದೆ. ಹಳೆಯ ಕಾರ್ಬುರೇಟರ್ ಗಾಡಿ ಗಾಳಿ ಕಡಿಮೆಯಾದರೂ ಪೆಟ್ರೋಲನ್ನು ಅಷ್ಟೇ ಸುರಿದು ಕಪ್ಪು ಹೊಗೆ ಉಗುಳುತ್ತದೆ. ಫ್ಯೂಯೆಲ್ ಇಂಜೆಕ್ಷನ್ ಇರುವುದು ಗಾಳಿ ಅಳೆದು ಪೆಟ್ರೋಲ್ ತಗ್ಗಿಸುತ್ತದೆ, ಹೋದ ಶಕ್ತಿಯನ್ನು ಅದೂ ತಂದುಕೊಡುವುದಿಲ್ಲ. ಅಲ್ಲಿ ಬೇಕಾದದ್ದು ನಿಂತಾಗ ಎರಡೂ ಪಾದ ನೆಲಕ್ಕೆ ಊರುವ, ಬಿದ್ದರೆ ನೀವೇ ಎತ್ತಬಲ್ಲ ಬೈಕು. ನೀರಿನ ಮಧ್ಯೆ ಇಂಜಿನ್ ನಿಂತರೆ ಗಾಬರಿಯಲ್ಲಿ ಸೆಲ್ಫ್ ಒತ್ತಬೇಡಿ. ಒಳಗೆ ನೀರು ಹೋಗಿದ್ದರೆ ಕನೆಕ್ಟಿಂಗ್ ರಾಡ್ ಬಾಗಬಹುದು, ಪ್ರವಾಸ ಅಲ್ಲಿಗೇ ಮುಗಿಯಬಹುದು.

ಬಾಡಿಗೆ ಬೈಕಿನಲ್ಲಿ ನೋಡಬೇಕಾದ ಇನ್ನೊಂದು ಸಂಗತಿ ನಂಬರ್ ಪ್ಲೇಟು. ಕಪ್ಪು ಹಲಗೆಯ ಮೇಲೆ ಹಳದಿ ಅಕ್ಷರ ಇದ್ದರೆ ಅದು ಬಾಡಿಗೆಗೆಂದೇ ನೋಂದಾಯಿಸಿದ ಗಾಡಿ. ಬಿಳಿ ಹಲಗೆಯ ಸ್ವಂತ ಗಾಡಿಯನ್ನು ಅಗ್ಗಕ್ಕೆ ಕೊಡುತ್ತೇವೆಂದು ಬರುವವರಿದ್ದಾರೆ. ಅಪಘಾತವಾದರೆ ವಿಮೆ ಕೈಕೊಡುವ ಸಾಧ್ಯತೆ ಅಲ್ಲಿ ಹೆಚ್ಚು.

ಪರವಾನಗಿಯ ಗೊಂದಲವೂ ಇದೆ. ಸ್ಪಿತಿಗೆ ಭಾರತೀಯರಿಗೆ ಇನ್ನರ್ ಲೈನ್ ಪರ್ಮಿಟ್ ಬೇಕಿಲ್ಲ. ಆದರೆ ಹೊರದೇಶದ ಪಾಸ್‌ಪೋರ್ಟ್ ಪಡೆದ ಕನ್ನಡಿಗರಿಗೆ ಕಿನ್ನೌರ್ ಕಡೆಯ ಗಡಿ ಭಾಗ ಹಾಯಲು ಪರ್ಮಿಟ್ ಬೇಕು. ಶಿಮ್ಲಾ, ರೆಕಾಂಗ್ ಪಿಯೊ ಅಥವಾ ಕಾಜಾದಲ್ಲಿ ಅದು ಸಿಗುತ್ತದೆ.

‘ಕೊಮಿಕ್ ಜಗತ್ತಿನಲ್ಲೇ ಅತಿ ಎತ್ತರದ ಹಳ್ಳಿ’

ರಸ್ತೆ ಸಂಪರ್ಕವಿರುವ ಅತಿ ಎತ್ತರದ ಹಳ್ಳಿ ಎಂದು ಅಲ್ಲಿ ಬೋರ್ಡೇ ಇದೆ. ಆದರೆ ಪೆರು ದೇಶದ ಲಾ ರಿಂಕೊನಾಡಾ ಎಂಬ ಚಿನ್ನದ ಗಣಿಯ ಊರು 5,100 ಮೀಟರಿನಲ್ಲಿದೆ, ಅಲ್ಲಿಗೂ ರಸ್ತೆ ಇದೆ. ಲಡಾಖಿನ ಖಾರ್ದುಂಗ್ ಲಾ ಕಣಿವೆದಾರಿಯ ಹಳೆಯ ಬೋರ್ಡಿನಲ್ಲಿದ್ದ 18,380 ಅಡಿಯೂ ಅಳೆದು ನೋಡಿದಾಗ 17,600ಕ್ಕಿಂತ ತುಸು ಕಡಿಮೆಯೇ ಬಂತು. ಕೊಮಿಕ್ಕಿನ ಬೋರ್ಡಿನ ಎದುರು ಫೋಟೊ ತೆಗೆದು ಹತ್ತು ನಿಮಿಷಕ್ಕೆ ಹಿಂದಿರುಗುವವರನ್ನು ಕಂಡಾಗ ನನಗೆ ಸಂಕಟವಾಗುತ್ತದೆ. ಹತ್ತಿರದ ಹಿಕ್ಕಿಮ್‌ನಲ್ಲಿ, 4,400 ಮೀಟರಿನಲ್ಲಿ, 1983ರಿಂದ ಒಂದು ಅಂಚೆ ಕಚೇರಿ ನಡೆಯುತ್ತಿದೆ. ಅಲ್ಲಿನ ಪತ್ರಗಳನ್ನು ಕಾಲ್ನಡಿಗೆಯಲ್ಲೇ ಕಾಜಾಕ್ಕೆ ಹೊತ್ತು ತಂದಿದ್ದಾರೆ. ನಾವು ಬೈಕಿನಲ್ಲಿ ಏದುಸಿರು ಬಿಡುವ ಏರು ಅದು. ಅತಿ ಎತ್ತರ ಹೌದೋ ಅಲ್ಲವೋ ಎನ್ನುವುದಕ್ಕಿಂತ ಇದು ದೊಡ್ಡ ಸಂಗತಿ ಅಲ್ಲವೇ?

ಲಾಂಗ್ಜಾ ಹಳ್ಳಿಯಲ್ಲಿ ಮಕ್ಕಳು ಸುರುಳಿ ಗುರುತಿನ ಕಪ್ಪು ಕಲ್ಲು ತಂದು ತೋರಿಸುತ್ತಾರೆ. ‘ಒಂದು ಕಲ್ಲು ತಂದರೆ ಏನಾಗುತ್ತದೆ?’ ಎಂದು ಜೇಬಿಗಿಳಿಸುವವರುಂಟು. ಅದು ಅಮೊನೈಟ್, ಟೆಥಿಸ್ ಎಂಬ ಸಮುದ್ರದಲ್ಲಿ ಸುಮಾರು ಹದಿನೈದು ಕೋಟಿ ವರ್ಷದ ಹಿಂದೆ ಬದುಕಿದ್ದ ಜೀವಿ. ನಮ್ಮ ದೇವರಮನೆಯ ಸಾಲಿಗ್ರಾಮವೂ ಇದೇ, ನೇಪಾಳದ ಗಂಡಕಿಯಲ್ಲಿ ಸಿಗುವ ಅದೇ ಸಮುದ್ರದ ಅಮೊನೈಟ್. ಪೂಜೆಯ ಪೀಠದಲ್ಲಿಟ್ಟು ಕಾಪಾಡುವುದನ್ನು ಲಾಂಗ್ಜಾದ ಗುಡ್ಡದಿಂದ ಕಿತ್ತು ತರುವುದು ಯಾವ ನ್ಯಾಯ? ಬಂದವರೆಲ್ಲ ಒಂದೊಂದು ಒಯ್ದರೆ ಗುಡ್ಡದಲ್ಲಿ ಉಳಿಯುವುದೇನು?

‘ಪಾಪ, ಏನೂ ಇಲ್ಲದ ಜನ. ನಾವು ಹೋದರೆ ಅವರಿಗೆ ಊಟ’

ಇದು ಕೇಳಲು ದಯೆಯ ಮಾತು, ಆದರೆ ತಪ್ಪು. ಸ್ಪಿತಿಯ ಹಳ್ಳಿಗಳು ಮುಖ್ಯವಾಗಿ ನಿಂತಿರುವುದು ಹಸಿ ಬಟಾಣಿಯ ಮೇಲೆ. ಕೆಳಗಿನ ಬಯಲು ನಾಡಿನ ಮಾರುಕಟ್ಟೆಗಳಲ್ಲಿ ಬಟಾಣಿ ಇಲ್ಲದ ಹೊತ್ತಿಗೆ ಅಲ್ಲಿ ಕೊಯ್ಲು ಬರುತ್ತದೆ, ಒಳ್ಳೆಯ ಬೆಲೆ ಸಿಗುತ್ತದೆ. ಕಣಿವೆಯನ್ನು ಅವರು ನಡೆಸುವ ರೀತಿಯೂ ಕಲಿಯುವಂಥದ್ದು. ದೆಮುಲ್ ಹಳ್ಳಿಯಲ್ಲಿ ಹೋಮ್‌ಸ್ಟೇ ಸರದಿಯ ಮೇಲೆ ನಡೆಯುತ್ತದೆ. ಚೆನ್ನಾಗಿ ಇಂಗ್ಲಿಷ್ ಮಾತನಾಡುವ ಮನೆಗೇ ಎಲ್ಲ ಅತಿಥಿಗಳು ಹೋಗದಂತೆ, ಇವತ್ತು ಈ ಮನೆ, ನಾಳೆ ಆ ಮನೆ. ಕಿಬ್ಬರ್‌ನಲ್ಲಿ ಹಿಮಚಿರತೆ ದನಕರುಗಳನ್ನು ಕೊಂದರೆ ಪರಿಹಾರ ಕೊಡಲು ಊರವರೇ ಕಂತು ಕಟ್ಟಿ ನಡೆಸುವ ಜಾನುವಾರು ವಿಮೆ ಇದೆ. ಅವರ ಜೊತೆ ನಿಂತು ಅದನ್ನು ಕಟ್ಟಿದ್ದು ನಮ್ಮ ಮೈಸೂರಿನಲ್ಲಿ ನೆಲೆಯಿರುವ ನೇಚರ್ ಕನ್ಸರ್ವೇಶನ್ ಫೌಂಡೇಶನ್. ಕಿಬ್ಬರ್‌ನಿಂದ ಕಂದರದಾಚೆಯ ಚಿಚಮ್‌ಗೆ 2017ರಲ್ಲಿ ಸೇತುವೆ ಆಗುವವರೆಗೂ ಜನ ತಂತಿಗೆ ತೂಗುಬಿದ್ದ ಬುಟ್ಟಿಯಲ್ಲಿ ಕೂತು ದಾಟುತ್ತಿದ್ದರು. ಇವರನ್ನು ಏನೂ ಇಲ್ಲದವರು ಎನ್ನಲು ನನಗೆ ಬಾಯಿ ಬರುವುದಿಲ್ಲ.

ಇಲ್ಲದಿರುವುದು ನೀರು. ಹಿಮ ಕರಗಿ ಬಂದದ್ದನ್ನು ಸಣ್ಣ ಕಾಲುವೆಗಳಲ್ಲಿ ಹಂಚಿಕೊಂಡೇ ಹೊಲಕ್ಕೂ ಮನೆಗೂ ಬಳಸಬೇಕು. ಅದಕ್ಕೇ ಅಲ್ಲಿ ನೀರಿಲ್ಲದ ಕಕ್ಕಸು: ಮೇಲಿನ ಕೋಣೆಯಲ್ಲಿ ಕೂತು, ಒಂದು ಸನಿಕೆ ಮಣ್ಣೋ ಬೂದಿಯೋ ಎಳೆದರೆ ಆಯಿತು. ಕೆಳಗೆ ಕೂಡಿದ್ದು ಗೊಬ್ಬರವಾಗಿ ಬಟಾಣಿ ಹೊಲಕ್ಕೆ ಹೋಗುತ್ತದೆ. ‘ಫ್ಲಶ್ ಇಲ್ಲ, ಬಿಸಿನೀರು ಎರಡು ಬಕೆಟ್ ಇಲ್ಲ’ ಎಂದು ನಮ್ಮವರು ದೂರುವಾಗ ನಾನು ತಲೆತಗ್ಗಿಸಿದ್ದೇನೆ. ಅತಿಥಿ ಕೇಳಿದನೆಂದು ಫ್ಲಶ್ ಹಾಕಿಸಿದರೆ ಆ ನೀರು ಕಡಿತವಾಗುವುದು ಯಾರದೋ ಹೊಲದ ಪಾಲಿನಿಂದ.

ಆಗಸ್ಟಿನಲ್ಲಿ ಹೋದರೆ ಮನೆಯವರೆಲ್ಲ ಕೊಯ್ಲಿನಲ್ಲಿರುತ್ತಾರೆ. ಹಳ್ಳಿಯ ಅಂಚಿನಲ್ಲೇ ವೇಗ ಇಳಿಸಿ, ಧೂಳೆಬ್ಬಿಸದೆ ಬನ್ನಿ, ಗಾಡಿ ಆರಿಸಿ ಹೆಲ್ಮೆಟ್ ತೆಗೆದು ‘ಜೂಲೇ’ ಅನ್ನಿ. ನಾವು ಉಳಿದ ಮನೆಯಲ್ಲಿ ಅಜ್ಜಿಯೊಬ್ಬರು ಅಂಗಳದಲ್ಲಿ ಕೂತು ಬಟಾಣಿ ಸುಲಿಯುತ್ತಿದ್ದರು. ಮನೆಯ ಮಕ್ಕಳು ತಾಯಿಯನ್ನು ‘ಆಮಾ’ ಎಂದು ಕೂಗುವುದು ಕೇಳಿ ನಮ್ಮಲ್ಲೊಬ್ಬ ಬೆರಗಾಗಿ ನಿಂತುಬಿಟ್ಟ. ಆ ಸಂಜೆ ಎಲ್ಲಿಗೂ ಗಾಡಿ ತೆಗೆಯಬೇಡಿ, ಸುಮ್ಮನೆ ಕೂತಿರಿ ಎಂದ ಗೈಡ್. ನಾವು ಏಳು ಜನ ಗೋಣಿಯ ಸುತ್ತ ಕೂತು, ಕತ್ತಲಾಗುವವರೆಗೆ ಬಟಾಣಿ ಸುಲಿದೆವು. ಮರುದಿನ ಬೆಳಿಗ್ಗೆ ಯಾರಿಗೂ ತಲೆನೋವಿರಲಿಲ್ಲ.