ಕೃತಿಯು ಯಾರದು?

ನಮ್ಮ ಜೆಪ್ಪುವಿನಲ್ಲಿ ಬಾಸೆಲ್ ಮಿಶನಿನವರು 1865ರಲ್ಲಿ ಹಂಚಿನ ಕಾರ್ಖಾನೆಯನ್ನು ತೆರೆದರು. ಹಳೆಯ ಮನೆಗಳ ಮಾಡಿನಿಂದ ಒಂದು ಹಂಚನ್ನು ತೆಗೆದು ನೋಡಿದರೆ, ಅದರ ಮೈಮೇಲೆ ಮಾಡಿದವರ ಹೆಸರು ಅಚ್ಚೊತ್ತಿರುವದು ಕಾಣುವದು. ಮಣ್ಣಿನ ಹಂಚಿಗೆ ಕರ್ತನ ಹೆಸರುಂಟು. ಮನಸ್ಸಿನಲ್ಲಿ ಹುಟ್ಟಿದ ಕೃತಿಗೆ ಬೇಡವೆ?

ನಾವು ಉಪಾಧ್ಯಾಯವೃತ್ತಿಯಲ್ಲಿದ್ದಾಗ ಮಕ್ಕಳಿಗಾಗಿ ಒಂದು ಚಿಕ್ಕ ನಾಟಕವನ್ನು ಬರೆದಿದ್ದೆವು. ಕೆಲವು ವರ್ಷಗಳ ತರುವಾಯ ಅದು ಅನ್ಯರ ಹೆಸರಿನಲ್ಲಿ ಅಚ್ಚಾಗಿ ನಮ್ಮ ಕೈಗೇ ಬಂದಿತು. ಮನಸ್ಸು ಬಹಳ ನೊಂದಿತು. ಆದರೆ ಶಾಲೆಯ ವಾರ್ಷಿಕೋತ್ಸವಗಳಲ್ಲಿ ನಾವು ಹಾಡಿಸಿದ ಎಷ್ಟೋ ಪದ್ಯಗಳ ಕರ್ತರನ್ನು ನಾವೂ ಹೆಸರಿಸಿರಲಿಲ್ಲವೆಂಬುದು ಆಮೇಲೆ ನೆನಪಾಗಿ, ಕೋಪವು ನಾಚಿಕೆಯಾಗಿ ತಿರುಗಿತು.

ಪೂರ್ವಿಕರು ಈ ವಿಷಯವನ್ನು ವಿಚಾರಿಸದೆ ಬಿಟ್ಟವರಲ್ಲ. ರಾಜಶೇಖರನು ಕಾವ್ಯಮೀಮಾಂಸೆಯಲ್ಲಿ ಶಬ್ದಹರಣ, ಅರ್ಥಹರಣಗಳೆಂದು ವಿಂಗಡಿಸಿ ಅವುಗಳ ಭೇದಗಳನ್ನು ವಿವರಿಸಿರುವನು. ನಮ್ಮ ಸೀಮೆಯ ನಂದಳಿಕೆ ಲಕ್ಷ್ಮೀನಾರಣಪ್ಪನವರಾದರೋ (1870–1901) 'ಮುದ್ದಣ'ನೆಂಬ ಹೆಸರಿನ ಮರೆಯಲ್ಲಿ ನಿಂತು, ಸ್ವಂತ ಕೃತಿಯನ್ನೇ ಹಳೆಯ ಕೃತಿಯೆಂಬಂತೆ ಮೈಸೂರಿಗೆ ಕಳುಹಿಸಿದರು. ತನ್ನದನ್ನು ಇನ್ನೊಬ್ಬನದೆನ್ನುವದು ಸಂಕೋಚ. ಇನ್ನೊಬ್ಬನದನ್ನು ತನ್ನದೆನ್ನುವದು ಚೌರ್ಯ.

ಈಗ ನಡೆಯುವದು 1957ರ ಗ್ರಂಥಸ್ವಾಮ್ಯದ ಕಾಯಿದೆ. ಸಾಹಿತ್ಯಕೃತಿಯ ಮೇಲಣ ಸ್ವಾಮ್ಯವು ಕರ್ತನ ಜೀವಿತಕಾಲವೂ ಮರಣಾನಂತರ 60 ವರ್ಷಗಳೂ ಇರುವದು. ಬರಿಯ ಕಥಾವಸ್ತುವಿಗೆ ಸ್ವಾಮ್ಯವಿಲ್ಲ. ಅದನ್ನು ನಿರೂಪಿಸಿದ ರೀತಿಗೆ ಉಂಟು. ಅಭಿಮನ್ಯುವಿನ ಕಥೆಯು ಎಲ್ಲರ ಸೊತ್ತು; ಆದರೆ ಡಾ. ಶಿವರಾಮ ಕಾರಂತರು ಯಕ್ಷಗಾನಕ್ಕೆ ಹೊಸ ರೂಪವನ್ನಿತ್ತು ರಚಿಸಿದ ಪ್ರಯೋಗವು ಅವರದು. 1997ರಲ್ಲಿ ಕಾರಂತರು ದಿವಂಗತರಾದ ಮೇಲೆ, ಅವರ ಮರಣಶಾಸನದ ಪ್ರಕಾರ ಸ್ವಾಮ್ಯವು ಶ್ರೀಮತಿ ಮಾಲಿನಿ ಮಲ್ಯರಿಗೆ ಸಂದಿತು. 2001ರಲ್ಲಿ ಮಣಿಪಾಲದ ಅಕಾಡೆಮಿ ಆಫ್ ಜನರಲ್ ಎಜುಕೇಶನ್ ಸಂಸ್ಥೆಯು 'ಅಭಿಮನ್ಯು ವಧೆ'ಯನ್ನು ದಿಲ್ಲಿಯಲ್ಲಿ ಆಡಿಸಿದಾಗ, ತಮ್ಮ ಅಪ್ಪಣೆಯಿಲ್ಲವೆಂದು ಅವರು ವ್ಯಾಜ್ಯ ಹೂಡಿದರು. 2009ರಲ್ಲಿ ಸರ್ವೋಚ್ಚ ನ್ಯಾಯಾಲಯವು ಅವರ ಸ್ವಾಮ್ಯವನ್ನು ಎತ್ತಿಹಿಡಿಯಿತು. ಜೊತೆಗೆ, ವಿದ್ಯಾರ್ಥಿಗಳು ತಮ್ಮ ಶಾಲೆಯವರ, ಹೆತ್ತವರ ಮುಂದೆ ಆಡುವದಕ್ಕೂ, ಹವ್ಯಾಸಿ ಸಂಘದವರು ಹಣವನ್ನು ಪಡೆಯದೆ ಆಡುವದಕ್ಕೂ ಕಾಯಿದೆಯಲ್ಲಿರುವ ವಿನಾಯಿತಿಯನ್ನು ಉಳಿಸಿತು.

ಆದುದರಿಂದ ಗೃಹಸ್ಥರು ಅಂಜಬೇಕಾಗಿಲ್ಲ. ಮನೆಯಲ್ಲಿ ಹಾಡಿರಿ, ಶಾಲೆಯಲ್ಲಿ ಆಡಿಸಿರಿ. ಆದರೆ ಮಗುವು ಹಾಡಲು ನಿಂತಾಗ ಮೊದಲು ಕವಿಯ ಹೆಸರನ್ನು ಹೇಳಿಸಿರಿ. ಹಣಕ್ಕೆ ಕಾಯಿದೆಯು ವಿನಾಯಿತಿಯನ್ನು ಕೊಟ್ಟೀತು. ಹೆಸರಿಗೆ ಧರ್ಮವು ಕೊಡದು. ನಾವಂತೂ ಈಗ ನಮ್ಮ ಹಳೆಯ ಹಾಡಿನ ಪುಸ್ತಕವನ್ನು ತೆರೆದಿಟ್ಟುಕೊಂಡು, ಒಂದೊಂದು ಪದ್ಯದ ಕೆಳಗೂ ಕರ್ತನ ಹೆಸರನ್ನು ಹುಡುಕಿ ಬರೆಯುತ್ತಲಿದ್ದೇವೆ.