ಚಿನ್ನದ ಗುಂಡಿಯಿಂದ ಹೋದ ಒಂಟಿ ಎತ್ತುಗಳು

2019ರಲ್ಲಿ ಒಂದು ದಿನ ಬೇರಿಕೈ ಕಡೆಯ ನಮ್ಮೂರ ಟೀ ಅಂಗಡಿಯಲ್ಲಿ, ‘ಧರ್ಮಪುರಿ ಎಮ್ಮೆಲ್ಲೆ ಮಂತ್ರಿ ಆದ್ನಂತೆ’ ಅಂತ ಗುಲ್ಲೆದ್ದಿತು. ತೆಲುಗು ಟೀವಿ ನೋಡಿ ಬಂದ ಹುಣಸೆ ವ್ಯಾಪಾರಿಯೊಬ್ಬರು ತಂದ ಸುದ್ದಿ. ಆಮೇಲೆ ಗೊತ್ತಾಯಿತು, ಅದು ನಮ್ಮ ಕೃಷ್ಣಗಿರಿ ಪಕ್ಕದ ಧರ್ಮಪುರಿ ಅಲ್ಲ, ತೆಲಂಗಾಣದ ಗೋದಾವರಿ ದಂಡೆಯದು. ಮಂತ್ರಿಯಾದವರು ಕೊಪ್ಪುಲ ಈಶ್ವರ್. ಸಿಂಗರೇಣಿ ಕಲ್ಲಿದ್ದಲು ಗಣಿಯಲ್ಲಿ ವರ್ಷಾನುಗಟ್ಟಲೆ ನೌಕರಿ ಮಾಡಿದ ಮನುಷ್ಯ. 2018ರಲ್ಲಿ ಅವರು ಗೆದ್ದದ್ದು ಬರೇ 441 ಓಟಿನಲ್ಲಿ. 2023ರಲ್ಲಿ ಸೋತರು.

‘ಗಣಿಯಿಂದ ಅಸೆಂಬ್ಲಿಗೆ ಹೋದೋರು ನಮಗೇನು ಹೊಸಬರೇನಪ್ಪಾ? ಕೆಜಿಎಫ್ ಮರೆತ್ರಾ?’ ಅಂದರು ಬೆಂಚಿನ ಮೇಲಿದ್ದ ಹಿರಿಯರೊಬ್ಬರು. ನನಗೆ ನಮ್ಮ ಸೋದರಮಾವನ ನೆನಪು ಬಂತು.

ಮಾಮ ಚಾಂಪಿಯನ್ ರೀಫ್‌ನಲ್ಲಿ ಕೆಲಸಕ್ಕಿದ್ದ. ಊರು ತಮಿಳುನಾಡಲ್ಲಿ, ಓಟು ಕರ್ನಾಟಕದಲ್ಲಿ. ಮನೆಯಲ್ಲಿ ತೆಲುಗು, ಗಣಿಯಲ್ಲಿ ತಮಿಳು, ಅರ್ಜಿ ಬರೆಸಬೇಕಾದರೆ ಕನ್ನಡ. ಸೇಲಂ, ಉತ್ತರ ಆರ್ಕಾಟು, ಚಿತ್ತೂರು ಕಡೆಯಿಂದ ಬಂದ ಕೂಲಿಗಳಿಂದಲೇ ಆ ಗಣಿ ನಿಂತಿತ್ತು, ಬಹುಪಾಲು ದಲಿತರು. 1880ರಲ್ಲಿ ಜಾನ್ ಟೇಲರ್ ಕಂಪನಿ ಕೈ ಹಾಕಿದ ಮೇಲೆ ತೋಡುತ್ತಾ ತೋಡುತ್ತಾ ಮೂರು ಕಿಲೋಮೀಟರಿಗೂ ಹೆಚ್ಚು ಆಳಕ್ಕೆ ಇಳಿದರು. ಸುಮಾರು 800 ಟನ್ ಚಿನ್ನ ಮೇಲಕ್ಕೆ ಬಂತು. ತೆಗೆದವರು ತಟ್ಟಿ ಗೋಡೆಯ ಲೈನ್ ಮನೆಗಳಲ್ಲಿದ್ದರು.

ಅಲ್ಲಿ ಸಂಘ ಬಲವಾಯಿತೆಂದರೆ ಆಶ್ಚರ್ಯವೇನು? 1930ರಲ್ಲಿ ಬೆರಳಚ್ಚು ಕೊಡುವುದಿಲ್ಲ ಅಂತ ಕೂಲಿಗಳು ಮುಷ್ಕರ ಹೂಡಿದರು. ನಾವೇನು ಕಳ್ಳರಾ ಅನ್ನುವ ಮಾನದ ಪ್ರಶ್ನೆ ಅದು. 1946ರ ಮುಷ್ಕರದ ಕಾಲಕ್ಕೆ ಪೊಲೀಸರ ಗುಂಡಿಗೆ ಕಾರ್ಮಿಕರು ಬಿದ್ದರು. ಆ ಸಂಘ ಕಟ್ಟಿದವರಲ್ಲಿ ಒಬ್ಬರು ಕಮ್ಯುನಿಸ್ಟ್ ಕೆ. ಎಸ್. ವಾಸನ್. 1952ರಲ್ಲಿ ಮೈಸೂರು ವಿಧಾನಸಭೆಗೆ ಗೆದ್ದರು. ಇಡೀ ಸಭೆಯಲ್ಲಿ ಕಮ್ಯುನಿಸ್ಟ್ ಪಕ್ಷದವರು ಅವರೊಬ್ಬರೇ. 1957ರಲ್ಲಿ ಅದೇ ಪಕ್ಷದ ಎಂ. ಸಿ. ನರಸಿಂಹನ್ ಬಂದರು.

ಮಾಮ ಹೇಳುತ್ತಿದ್ದ: ‘ನಮ್ಮ ಕಡೆ ಓಟು ಕೇಳೋಕೆ ಜೀಪು ಬೇಕಾಗಿರಲಿಲ್ಲ ಕಣೋ. ಕೂಗು ಊದೋ ಹೊತ್ತಿಗೆ ಶಾಫ್ಟ್ ಬಾಗಿಲಲ್ಲಿ ನಿಂತ್ರೆ ಸಾಕು, ಹತ್ತೋರು ಇಳಿಯೋರು ಎಲ್ಲಾ ಸಿಗ್ತಿದ್ರು.’ ಗೆದ್ದವನೂ ಅಲ್ಲೇ ಸಿಗಬೇಕು. ನೀರಿಲ್ಲ, ಲೈನ್ ಸೋರುತ್ತೆ, ಬಂಡೆ ಸಿಡಿದು ಕಾಲು ಹೋದವನಿಗೆ ಕಾಸು ಬಂದಿಲ್ಲ, ಎಲ್ಲಾ ಅಲ್ಲೇ ಪಂಚಾಯ್ತಿ. ನಮ್ಮ ಹಳ್ಳಿಯ ಎಮ್ಮೆಲ್ಲೆಗೆ ಈ ಕಷ್ಟ ಇಲ್ಲ. ಐದು ವರ್ಷಕ್ಕೊಮ್ಮೆ ಮುಖ ತೋರಿದರೆ ನಡೆಯುತ್ತೆ.

ಮುಂದೆ ಪಕ್ಷಗಳು ಬದಲಾದವು. 1983ರಲ್ಲಿ ಅಣ್ಣಾ ಡಿಎಂಕೆಯ ಭಕ್ತವತ್ಸಲಂ ಗೆದ್ದಾಗ ನಾನಿನ್ನೂ ಹೈಸ್ಕೂಲು ಹುಡುಗ. ಕರ್ನಾಟಕದಲ್ಲಿ ಎರಡೆಲೆ ಚಿಗುರಿತು ಅಂತ ನಮ್ಮೂರಲ್ಲಿ ನಕ್ಕದ್ದೇ ನಕ್ಕದ್ದು. 1985ಕ್ಕೆ ಮಾರ್ಕ್ಸ್‌ವಾದಿ ಟಿ. ಎಸ್. ಮಣಿ, 1989ಕ್ಕೆ ಮತ್ತೆ ಭಕ್ತವತ್ಸಲಂ, 1994ಕ್ಕೆ ಅಂಬೇಡ್ಕರ್ ಹಾದಿಯ ರಿಪಬ್ಲಿಕನ್ ಪಕ್ಷದ ಎಸ್. ರಾಜೇಂದ್ರನ್, 1999ಕ್ಕೆ ಪುನಃ ಎರಡೆಲೆ. ಬೆಂಗಳೂರು ಯಾರ ಕೈಯಲ್ಲಿದ್ದರೂ ಸರಿ, ನಮ್ಮವನು ನಮ್ಮವನೇ ಅನ್ನುವ ಹಟ.

ಆ ಹಟಕ್ಕೆ ನಾನು ಈಗಲೂ ಕೈ ಮುಗಿಯುತ್ತೇನೆ. ಆದರೆ ರೈತನಾಗಿ ಒಂದು ಮಾತು ಹೇಳದೆ ಇರಲಾರೆ. ಒಂಟಿ ಎತ್ತು ನೊಗ ಹೊರಬಹುದು, ನೇಗಿಲು ಎಳೆಯಲಾಗದು. ಎರಡೆಲೆ ಗೆದ್ದಾಗ ಆ ಪಕ್ಷಕ್ಕೆ ಕರ್ನಾಟಕದಲ್ಲಿ ಅದೊಂದೇ ಸೀಟು. ರಿಪಬ್ಲಿಕನ್ ಗೆದ್ದಾಗಲೂ ಅದೇ ಕತೆ. ಗಣಿಯೋ 1962ರಿಂದ ಕೇಂದ್ರ ಸರ್ಕಾರದ ಕೈಯಲ್ಲಿ. 2001ರ ಫೆಬ್ರವರಿ 28ಕ್ಕೆ ಅದು ಮುಚ್ಚಿತು. ಬೆಂಗಳೂರಿನ ಸಭೆಯಲ್ಲಿ ಒಬ್ಬ ಎದ್ದು ಕೂಗಿದರೆ ದೆಹಲಿಗೆ ಎಷ್ಟು ಕೇಳಿಸೀತು, ಹೇಳಿ.

2004ರಲ್ಲಿ ಜನ ಇನ್ನೊಮ್ಮೆ ರಾಜೇಂದ್ರನ್‌ರನ್ನು ಕಳಿಸಿದರು. ಅಲ್ಲಿಗೆ ಆ ಸಾಲು ಮುಗಿಯಿತು. 2008, 2013ರಲ್ಲಿ ಬಿಜೆಪಿ. 2018, 2023ರಲ್ಲಿ ಕಾಂಗ್ರೆಸ್ಸಿನ ರೂಪಕಲಾ. ಜನರನ್ನು ನಾನು ದೂರುವುದಿಲ್ಲ. ಶಾಫ್ಟೇ ಇಲ್ಲದ ಮೇಲೆ ಸಂಘ ಎಲ್ಲಿ ಸೇರಬೇಕು? ಬೆಳಗಾದರೆ ಊರಿನ ದುಡಿಯುವ ಜನವೆಲ್ಲ ಬಂಗಾರಪೇಟೆ ಮೇಲೆ ಬೆಂಗಳೂರಿಗೆ ಹೋಗುವ ರೈಲಿನಲ್ಲಿ. ಓಟು ಕೇಳುವವರು ಹೋದರೆ ಮನೆಯಲ್ಲಿ ಮುದುಕರು ಮಾತ್ರ ಸಿಗುತ್ತಾರೆ.

2023ರ ಚುನಾವಣೆಗೆ ಮುಂಚೆ ಬಾಗಲೂರು, ಮಾಲೂರು ಮೇಲೆ ಮಾಮನನ್ನು ನೋಡಲು ಹೋಗಿದ್ದೆ. ಊರಿನ ಮಗ್ಗುಲಿಗೆ ಸಯನೈಡ್ ದಿಬ್ಬ, ಗಾಳಿಗೆ ಬೂದು ಮಣ್ಣು ಏಳುತ್ತಿತ್ತು. ‘ಈ ಸಲ ಯಾರಿಗೆ ಮಾಮ?’ ಅಂದೆ.

‘ಯಾರಿಗಾದ್ರೂ ಒತ್ತುತೀನಿ ಬಿಡೋ,’ ಅಂದ. ‘ಆದ್ರೆ ಗೆದ್ದೋರನ್ನ ಎಲ್ಲಿ ನಿಂತು ಕೂಗಬೇಕು ಅಂತ ಮೊದಲು ಅವರೇ ಹೇಳ್ಲಿ.’ ಹಾಗಂದವನು ಕೋಲು ಊರಿಕೊಂಡು ಎದ್ದು, ನನಗೆ ಟೀ ಹೇಳಲು ಬೀದಿ ತುದಿಯ ಅಂಗಡಿಗೆ ಹೊರಟ.